ಹತ್ತು ಕಟ್ಟಿದವನ ಮುತ್ತು

ಇದು ಇಬ್ಬರ ಮಾತು. ಒಬ್ಬರು ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಹೇಳಿ ನಿವೃತ್ತರಾದ ಮೇಷ್ಟ್ರು. ಇನ್ನೊಬ್ಬಳು ಅವರ ಹಳೆಯ ಶಿಷ್ಯೆ, ಈಗ ಟಿವಿ ಧಾರಾವಾಹಿಗಳಿಗೆ ಸಂಭಾಷಣೆ ಬರೆದು ಬದುಕುವವಳು. ಮೇಷ್ಟ್ರ ಮೇಜಿನ ಮೇಲೆ ಮೈಕೆಲ್ ಪೇಲಿನ್ ಎಂಬ ಇಂಗ್ಲಿಷ್ ಟಿವಿ ಬರಹಗಾರನ ದಿನಚರಿಯ ನಾಲ್ಕು ಸಂಪುಟಗಳಿದ್ದವು. ಮೇಷ್ಟ್ರಿಗೆ ಆತನ ಮೇಲೆ ಅಭಿಮಾನ, ಶಿಷ್ಯೆಗೆ ಅನುಮಾನ. ನಾನು ನಡುವೆ ಕೂತು ಕಾಫಿ ಕುಡಿದವನು, ಅಷ್ಟೆ. ಕೇಳಿಸಿಕೊಂಡದ್ದನ್ನು ಆದಷ್ಟೂ ಅವರವರ ಬಾಯಿಯ ಮಾತಿನಲ್ಲೇ ಇಟ್ಟಿದ್ದೇನೆ.

ಶಿಷ್ಯೆ: ಮೇಷ್ಟ್ರೇ, ಇಷ್ಟು ದಪ್ಪ ದಪ್ಪ ದಿನಚರಿ! ಈ ಮನುಷ್ಯ ಬೇರೆ ಕೆಲಸ ಏನಾದ್ರೂ ಮಾಡಿದ್ನಾ, ಇಲ್ಲ ಇದನ್ನೇ ಬರ್ಕೊಂಡು ಕೂತಿದ್ನಾ?

ಮೇಷ್ಟ್ರು: ಯಾವ ಕೆಲಸ ಮಾಡ್ಲಿಲ್ಲ ಅಂತ ಕೇಳು, ಉತ್ತರ ಸುಲಭ. ಹುಟ್ಟಿದ್ದು 1943ರಲ್ಲಿ, ಶೆಫೀಲ್ಡ್ ಅನ್ನೋ ಉಕ್ಕಿನ ಊರಲ್ಲಿ. ಆಕ್ಸ್‌ಫರ್ಡ್‌ನಲ್ಲಿ ಚರಿತ್ರೆ ಓದಿದ. 1965ರಲ್ಲಿ ಹೊರಗೆ ಬಂದವನು ಮೊದಲು ಹಿಡಿದ ಕೆಲಸ ವೇಲ್ಸ್ ಕಡೆಯ ಒಂದು ಖಾಸಗಿ ಟಿವಿಯಲ್ಲಿ ಪಾಪ್ ಸಂಗೀತದ ಕಾರ್ಯಕ್ರಮದ ನಿರೂಪಣೆ. ಆಮೇಲೆ ಡೇವಿಡ್ ಫ್ರಾಸ್ಟ್ ಅನ್ನೋ ನಿರೂಪಕನಿಗೆ ನಗೆಮಾತು ಬರೆದುಕೊಟ್ಟ. ಮಕ್ಕಳ ಕಾರ್ಯಕ್ರಮ ಬರೆದ. 1969ರಿಂದ ಬಿಬಿಸಿಯಲ್ಲಿ ಮಾಂಟಿ ಪೈಥಾನ್ ಅನ್ನೋ ಹಾಸ್ಯ ಸರಣಿ. ಅದಾದ ಮೇಲೆ 'ರಿಪ್ಪಿಂಗ್ ಯಾರ್ನ್ಸ್' ಅನ್ನೋ ಇನ್ನೊಂದು ಹಾಸ್ಯ ಸರಣಿ. ಸಿನಿಮಾ ಬರೆದ, ನಟಿಸಿದ. ಮಕ್ಕಳ ಪುಸ್ತಕ, ಒಂದು ನಾಟಕ, ಎರಡು ಕಾದಂಬರಿ, ಒಂದು ಹಡಗಿನ ಚರಿತ್ರೆ. ನಡುನಡುವೆ ಕ್ಯಾಮೆರಾ ಕಟ್ಟಿಕೊಂಡು ಜಗತ್ತು ಸುತ್ತಿದ. ರಾಯಲ್ ಜಿಯೋಗ್ರಾಫಿಕಲ್ ಸೊಸೈಟಿಗೆ 2009ರಿಂದ ಮೂರು ವರ್ಷ ಅಧ್ಯಕ್ಷನಾದ. 2019ರಲ್ಲಿ ಸರ್ ಪದವಿ ಬಂತು. ಪೈಥಾನ್ ಗುಂಪಿನಲ್ಲಿ ಅದು ಸಿಕ್ಕ ಮೊದಲಿಗ ಇವನೇ.

ಶಿಷ್ಯೆ: ನಮ್ಮಜ್ಜಿ ಇದ್ದಿದ್ರೆ ಒಂದೇ ಮಾತು ಹೇಳ್ತಿದ್ರು. ಹತ್ತು ಕಟ್ಟೋ ಕಡೆ ಒಂದು ಮುತ್ತು ಕಟ್ಟು ಅಂತ. ಇದರಲ್ಲಿ ಮುತ್ತು ಯಾವುದು ಮೇಷ್ಟ್ರೇ?

ಮೇಷ್ಟ್ರು: ಪೈಥಾನೇ ಮುತ್ತು ಅಂತ ಯಾರಾದರೂ ಹೇಳ್ತಾರೆ.

ಶಿಷ್ಯೆ: ಅದು ಆರು ಜನ ಸೇರಿ ಕಟ್ಟಿದ್ದು. ಅದರಲ್ಲೂ ಎಲ್ಲರ ಬಾಯಲ್ಲಿ ಇರೋದು ಸತ್ತ ಗಿಳಿಯ ಪ್ರಹಸನ. ಅಂಗಡಿಯವನು ಸತ್ತ ಗಿಳಿಯನ್ನ ಬದುಕಿದೆ ಅಂತ ಸಾಧಿಸ್ತಾನಲ್ಲ, ಅದು. ಅದನ್ನ ಬರೆದದ್ದು ಜಾನ್ ಕ್ಲೀಸ್ ಮತ್ತು ಗ್ರಹಾಂ ಚಾಪ್ಮನ್. ನಿಮ್ಮ ಪೇಲಿನ್ ಅಲ್ಲಿ ಅಂಗಡಿಯವನ ವೇಷ ಹಾಕಿದ, ಅಷ್ಟೆ. ಅವನ ಹೆಸರಿಗೆ ಅಂಟಿಕೊಂಡಿರೋ ದೊಡ್ಡ ಪ್ರಹಸನ ಅವನು ಬರೆದದ್ದೇ ಅಲ್ಲ.

ಮೇಷ್ಟ್ರು: ಓದಿಕೊಂಡೇ ಬಂದಿದ್ದೀಯ. ಆದರೆ ಸ್ಪ್ಯಾನಿಷ್ ಇನ್‌ಕ್ವಿಸಿಷನ್ ಪ್ರಹಸನ ಇವನದು, ಇವನ ಜೊತೆಗಾರ ಟೆರಿ ಜೋನ್ಸ್‌ದು. ಕೆಂಪು ನಿಲುವಂಗಿಯ ಪಾದ್ರಿಗಳು ಬಾಗಿಲು ತಳ್ಕೊಂಡು ನುಗ್ತಾರೆ, ಹೆದರಿಸೋಕೆ ಬಂದವರಿಗೆ ತಮ್ಮ ಆಯುಧಗಳ ಲೆಕ್ಕವೇ ತಪ್ಪುತ್ತೆ. ಮರ ಕಡಿಯೋವನ ಹಾಡು ಕೂಡ ಇವರ ಕೈಯಿಂದಲೇ ಬಂತು. ಅದಿರಲಿ, ಆ ಬರವಣಿಗೆಯ ಪದ್ಧತಿ ನಿನಗೆ ಹೇಳಬೇಕು. ನೀನು ಈ ಕಸುಬಿನವಳು.

ಶಿಷ್ಯೆ: ಹೇಳಿ.

ಮೇಷ್ಟ್ರು: ಕ್ಲೀಸ್, ಚಾಪ್ಮನ್ ಒಂದು ಜೋಡಿ. ಪೇಲಿನ್, ಜೋನ್ಸ್ ಇನ್ನೊಂದು. ಎರಿಕ್ ಐಡಲ್ ಒಂಟಿ. ಟೆರಿ ಗಿಲಿಯಂ ಕತ್ತರಿಸಿದ ಚಿತ್ರಗಳಿಂದ ಆ ವಿಚಿತ್ರ ಅನಿಮೇಶನ್ ಮಾಡ್ತಿದ್ದ. ಪೇಲಿನ್, ಜೋನ್ಸ್ ತಂತಮ್ಮ ಮನೇಲಿ ಕೂತು ಬರೆದು, ಆಮೇಲೆ ಹಾಳೆ ಅದಲುಬದಲು ಮಾಡ್ಕೊಂಡು ಒಬ್ಬರದನ್ನ ಇನ್ನೊಬ್ಬರು ತಿದ್ತಿದ್ರು. ಎಲ್ಲ ಸೇರಿದ ದಿನ ಗಟ್ಟಿಯಾಗಿ ಓದೋದು. ಆ ಕೋಣೆ ನಕ್ಕರೆ ಉಳೀತು, ನಗಲಿಲ್ಲ ಅಂದರೆ ಹೋಯ್ತು. ಯಾವ ಪಾತ್ರ ಯಾರು ಮಾಡೋದು ಅನ್ನೋ ಮಾತು ಬರ್ತಿದ್ದದ್ದು ಬರವಣಿಗೆ ಮುಗಿದ ಮೇಲೆ. ಅಂದರೆ ಹೀರೋಗಾಗಿ ಬರೆಯೋದು ಅನ್ನೋ ಪ್ರಶ್ನೆಯೇ ಇಲ್ಲ. ಬರೆದವರೇ ನಟರು, ನಟರೇ ತೀರ್ಪುಗಾರರು. ಇಂಥ ಕೋಣೆಯಲ್ಲಿ ತನ್ನ ಹಾಳೆ ಬಿದ್ದುಹೋದಾಗ ಮುಖ ಸಣ್ಣಗೆ ಮಾಡದೆ ಕೂತಿರೋದೂ ಒಂದು ವಿದ್ಯೆ.

ಶಿಷ್ಯೆ: ನಮ್ಮ ಕೋಣೆ ಹೇಗಿರುತ್ತೆ ಗೊತ್ತಾ? ಕೋಣೆಯೇ ಇರಲ್ಲ. ವಾಟ್ಸಾಪ್ ಗುಂಪು. ಬೆಳಿಗ್ಗೆ ಶೂಟಿಂಗ್ ಶುರುವಾದ ಮೇಲೆ ಮಧ್ಯಾಹ್ನದ ಸೀನು ಕಳಿಸೋದು. ಅತ್ತೆ ಪಾತ್ರದವರಿಗೆ ಡೇಟ್ ಇಲ್ಲ ಅಂದರೆ ಅತ್ತೆಯನ್ನ ತೀರ್ಥಯಾತ್ರೆಗೆ ಕಳಿಸೋದು. ನನ್ನ ಹಾಳೆ ಬೀಳುತ್ತೋ ಏಳುತ್ತೋ ನಿರ್ಧಾರ ಮಾಡೋದು ಗುರುವಾರ ಬರೋ ಟಿಆರ್‌ಪಿ. ಆದ್ದರಿಂದ ನೀವು ಹೇಳೋ ಕೋಣೆ ನನಗೆ ಕಥೆ ಥರ ಕೇಳುತ್ತೆ. ಅಂಥ ಕೋಣೆ ಯಾರಿಗೆ ಸಿಗುತ್ತೆ ಅನ್ನೋದು ನನ್ನ ಪ್ರಶ್ನೆ. ಬಿಬಿಸಿ ಇವರಿಗೆ ಒಂದು ಸ್ಯಾಂಪಲ್ ಕಂತು ಕೂಡ ಕೇಳದೆ ಹದಿಮೂರು ಕಂತು ಕೊಟ್ಟಿತು. ಅಲ್ವಾ?

ಮೇಷ್ಟ್ರು: ಹೌದು. ಏನು ಮಾಡ್ತೀರಿ ಅಂತ ಕೇಳಿದರೆ ಇವರಿಗೂ ನೆಟ್ಟಗೆ ಉತ್ತರ ಗೊತ್ತಿರಲಿಲ್ಲ.

ಶಿಷ್ಯೆ: ಗೊತ್ತಿಲ್ಲದಿದ್ದರೂ ಕೊಟ್ಟರು. ಯಾಕೆ? ಐದು ಜನರಲ್ಲಿ ಮೂವರು ಕೇಂಬ್ರಿಡ್ಜ್, ಇಬ್ಬರು ಆಕ್ಸ್‌ಫರ್ಡ್. ಆರನೆಯವನು ಅಮೆರಿಕದವನು. ಒಬ್ಬ ಹೆಂಗಸು ಇಲ್ಲ. ಹೆಂಗಸಿನ ಪಾತ್ರ ಬೇಕಾದರೆ ಸೀರಿಯಸ್ಸಾಗಿ ತಾವೇ ಲಂಗ ಹಾಕ್ಕೋತಿದ್ರು. ಕ್ಯಾರಲ್ ಕ್ಲೀವ್‌ಲ್ಯಾಂಡ್ ಅನ್ನೋ ನಟಿ ಬರ್ತಿದ್ರು, ಬರೆಯೋ ಮೇಜಿಗೆ ಮಾತ್ರ ಅವರಿಗೆ ಜಾಗ ಇರಲಿಲ್ಲ. ನಾನೂ ಏನು ಮಾಡ್ತೀನಿ ಅಂತ ಗೊತ್ತಿಲ್ಲದೆ ಒಂದು ಚಾನೆಲ್ಲಿಗೆ ಹೋಗಿ ಹದಿಮೂರು ಕಂತು ಕೊಡಿ ಅಂತ ಕೇಳ್ತೀನಿ, ನೋಡೋಣ.

ಮೇಷ್ಟ್ರು: ಬಾಗಿಲು ತೆರೆದಿತ್ತು, ನಿಜ. ಆದರೆ ಇವನು ದೊರೆಮಗ ಅಲ್ಲ ಕಣಮ್ಮ. ಅಪ್ಪ ಇಂಜಿನಿಯರ್, ಸಂಬಳಕ್ಕೆ ದುಡಿದವನು. ಮಗನನ್ನ ಶ್ರೂಸ್‌ಬರಿ ಶಾಲೆಗೆ ಹಾಕಿ ಫೀಸು ಕಟ್ಟೋಕೆ ಒದ್ದಾಡಿದ. ಅಪ್ಪನಿಗೆ ಮಾತು ತೊದಲುತ್ತಿತ್ತು. ಜೀವನ ಪೂರ್ತಿ ಆ ತೊಂದರೆ ಅನುಭವಿಸಿದ. ಮನೇಲಿ ಅದರ ಬಗ್ಗೆ ಮಾತೇ ಇಲ್ಲ. ಆ ಮೌನ ಮಗನಿಗೆ ಎಷ್ಟು ತಟ್ಟಿತ್ತು ಅಂತ ಮುಂದೆ ಗೊತ್ತಾಗುತ್ತೆ.

ಶಿಷ್ಯೆ: ಅಪ್ಪನ ತೊದಲನ್ನೇ ಇಟ್ಕೊಂಡು ನಗಿಸಿದ್ನಲ್ಲ, 'ಎ ಫಿಶ್ ಕಾಲ್ಡ್ ವಾಂಡಾ'ದಲ್ಲಿ!

ಮೇಷ್ಟ್ರು: 1988ರ ಸಿನಿಮಾ. ಕೆನ್ ಅನ್ನೋ ಪಾತ್ರ. ಅದಕ್ಕೆ ಬಾಫ್ಟಾ ಪ್ರಶಸ್ತಿ ಬಂತು.

ಶಿಷ್ಯೆ: ಪ್ರಶಸ್ತಿ ಬಂತು ಅಂತ ಸರಿಯಾಗಲ್ಲ. ಥಿಯೇಟರಲ್ಲಿ ಕೂತ ತೊದಲೋ ಹುಡುಗ ಯಾರ ಜೊತೆ ನಗಬೇಕು?

ಮೇಷ್ಟ್ರು: ಈ ಪ್ರಶ್ನೆ ಆಗಲೂ ಎದ್ದಿತ್ತು. ನನ್ನ ಪ್ರಕಾರ ಆ ಸಿನಿಮಾದಲ್ಲಿ ಕೆನ್ನನ್ನ ಅಣಕಿಸೋವನೇ ಮೂರ್ಖ, ಕೊನೆಗೆ ಸೋಲೋವನೂ ಅವನೇ. ಆದರೆ ಪ್ರೇಕ್ಷಕ ಅಷ್ಟು ವಿಂಗಡಿಸಿ ನಗ್ತಾನಾ? ಹೇಳೋಕಾಗಲ್ಲ. 1993ರಲ್ಲಿ ಲಂಡನ್ನಿನಲ್ಲಿ ತೊದಲು ಮಾತಿನ ಮಕ್ಕಳಿಗೆ ಒಂದು ಚಿಕಿತ್ಸಾ ಕೇಂದ್ರ ತೆರೆದಾಗ ಅದಕ್ಕೆ ಇವನ ಹೆಸರೇ ಇಟ್ಟರು. ಹೆಸರು ಕೊಟ್ಟು ಸುಮ್ಮನಾಗಲಿಲ್ಲ, ಅದರ ಜೊತೆ ಇವತ್ತಿಗೂ ಇದ್ದಾನೆ. ನೀನು ಪ್ರಾಯಶ್ಚಿತ್ತ ಅಂತೀಯೋ, ಅಪ್ಪನ ಋಣ ಅಂತೀಯೋ, ನಿನಗೆ ಬಿಟ್ಟದ್ದು.

ಶಿಷ್ಯೆ: ಎರಡೂ ಇರಬಹುದು. ಪಾತ್ರ ನನಗೆ ಹಿಡಿಸಲ್ಲ, ಕೇಂದ್ರ ಹಿಡಿಸುತ್ತೆ. ಮುಂದೆ ಹೋಗಿ.

ಮೇಷ್ಟ್ರು: ನೀನು ಕೋಣೆ ಯಾರಿಗೆ ಸಿಗುತ್ತೆ ಅಂದೆ. ಸಿಕ್ಕ ಕೋಣೆಯನ್ನ ಉಳಿಸಿಕೊಳ್ಳೋಕೆ ಇವರು ಏನು ಮಾಡಿದರು ಅನ್ನೋದು ಹೇಳ್ತೀನಿ. ಅಮೆರಿಕದಲ್ಲಿ ಎಬಿಸಿ ಅನ್ನೋ ದೊಡ್ಡ ಜಾಲ ಇದೆ. 1975ರಲ್ಲಿ ಅದು ಪೈಥಾನಿನ ಕೊನೆಯ ಆರು ಕಂತುಗಳನ್ನ ಮೂರು ಮೂರು ಸೇರಿಸಿ, ತೊಂಬತ್ತು ನಿಮಿಷದ ಎರಡು ವಿಶೇಷ ಕಾರ್ಯಕ್ರಮ ಮಾಡಿ ಹಾಕೋಕೆ ಹೊರಟಿತು. ಮೊದಲನೆಯದು ಪ್ರಸಾರ ಆಯ್ತು. ನೋಡಿದರೆ ತೊಂಬತ್ತರಲ್ಲಿ 24 ನಿಮಿಷ ಕತ್ತರಿ! ಒಂದಷ್ಟು ಜಾಹೀರಾತಿಗೆ ಜಾಗ ಬೇಕು ಅಂತ, ಇನ್ನೊಂದಷ್ಟು ಮಡಿವಂತಿಕೆಗೆ. ಉಳಿದದ್ದರಲ್ಲಿ ಪ್ರಶ್ನೆ ಇದೆ, ಉತ್ತರ ಇಲ್ಲ. ಉತ್ತರ ಇದೆ, ಪ್ರಶ್ನೆ ಇಲ್ಲ.

ಶಿಷ್ಯೆ: ಅಯ್ಯೋ, ಇದು ನಮ್ಮನೆ ಕಥೆ. ಮುಂದೆ?

ಮೇಷ್ಟ್ರು: ಡಿಸೆಂಬರಿನಲ್ಲಿ ಪೇಲಿನ್ ಮತ್ತು ಗಿಲಿಯಂ ನ್ಯೂಯಾರ್ಕಿಗೆ ಹೋಗಿ ಕೋರ್ಟು ಹತ್ತಿದರು. ಎರಡನೆಯ ಕಾರ್ಯಕ್ರಮ ನಿಲ್ಲಿಸಿ ಅಂತ ಕೇಳಿದರು. ಅಷ್ಟು ಹೊತ್ತಿಗೆ ತಡವಾಗಿತ್ತು, ತಡೆ ಸಿಗಲಿಲ್ಲ. ಮೇಲಿನ ಕೋರ್ಟಿಗೆ ಹೋದರು. 1976ರಲ್ಲಿ ಅಲ್ಲಿ ತೀರ್ಪು ಇವರ ಕಡೆ ಆಯ್ತು. ಆಧಾರ ಏನು ಗೊತ್ತಾ? ಬಿಬಿಸಿ ಜೊತೆ ಇವರು ಮಾಡಿಕೊಂಡಿದ್ದ ಬರಹಗಾರರ ಒಪ್ಪಂದ. ಬರೆದವರನ್ನ ಕೇಳದೆ ಸ್ಕ್ರಿಪ್ಟನ್ನ ಹೆಚ್ಚು ಬದಲಾಯಿಸಕೂಡದು ಅಂತ ಅದರಲ್ಲಿತ್ತು. ಬಿಬಿಸಿಗೇ ಇಲ್ಲದ ಕತ್ತರಿ ಹಕ್ಕನ್ನ ಬಿಬಿಸಿಯಿಂದ ಕೊಂಡವನು ಎಲ್ಲಿಂದ ತರ್ತಾನೆ? ಜೊತೆಗೆ, ಅಷ್ಟು ಹರಿದು ಚಿಂದಿ ಮಾಡಿದ್ದಕ್ಕೆ ಬರೆದವರ ಹೆಸರು ಹಾಕಿ ತೋರಿಸೋದು ಅವರ ಕೀರ್ತಿಗೆ ಕುಂದು ಅಂತಲೂ ಕೋರ್ಟು ಒಪ್ಪಿತು. ಅಮೆರಿಕದ ಕಾನೂನು ಕಾಲೇಜುಗಳಲ್ಲಿ ಈ ಕೇಸು ಈಗಲೂ ಪಾಠ.

ಶಿಷ್ಯೆ: ಇದಕ್ಕೆ ಮಾತ್ರ ನನ್ನ ನಮಸ್ಕಾರ. ನನ್ನ ಅಗ್ರಿಮೆಂಟಿನಲ್ಲಿ ಏನಿದೆ ಅಂದರೆ, ನಾನು ಬರೆದದ್ದು ಈ ಜಗತ್ತಿನಲ್ಲೂ ಮುಂದೆ ಕಂಡುಹಿಡಿಯೋ ಯಾವ ಮಾಧ್ಯಮದಲ್ಲೂ ಅವರದೇ. ಸಹಿ ಹಾಕಿದೆ. ಬಾಡಿಗೆ ಕಟ್ಟಬೇಕಿತ್ತು.

(ಇಲ್ಲಿ ಇಬ್ಬರೂ ಸ್ವಲ್ಪ ಹೊತ್ತು ಸುಮ್ಮನಾದರು. ಹಾಸ್ಯಗಾರರ ಬಗ್ಗೆ ಮಾತಾಡುವಾಗ ನಗುವಿಗಿಂತ ಒಪ್ಪಂದದ ಕಾಗದವೇ ಹೆಚ್ಚು ಹೊತ್ತು ನಮ್ಮನ್ನು ಹಿಡಿದಿಟ್ಟದ್ದು ನನಗೆ ಸೋಜಿಗ ಎನ್ನಿಸಿತು. ಪೇಲಿನ್ ಬಗ್ಗೆ ಬರೆಯುವವರು ಗಿಳಿಯ ಪ್ರಹಸನಕ್ಕೆ ಕೊಡುವ ಜಾಗದಲ್ಲಿ ಕಾಲುಪಾಲನ್ನಾದರೂ ಈ ಮೊಕದ್ದಮೆಗೆ ಕೊಡಬಹುದು.)

ಶಿಷ್ಯೆ: ಸರಿ, ಬರಹಗಾರ ಪೇಲಿನ್ ನನಗೆ ಒಪ್ಪಿಗೆ. ಆದರೆ ಅವನು ಅಲ್ಲಿ ನಿಲ್ಲಲಿಲ್ಲವಲ್ಲ. ಬರೆಯೋದು ಬಿಟ್ಟು ಮುಖ ಆದ. ಸೂಟ್‌ಕೇಸ್ ಹಿಡ್ಕೊಂಡು ದೇಶ ಸುತ್ತೋ ಮುಖ.

ಮೇಷ್ಟ್ರು: 1988ರ ಸೆಪ್ಟೆಂಬರ್ 25ರಂದು ಲಂಡನ್ನಿನ ರಿಫಾರ್ಮ್ ಕ್ಲಬ್ಬಿನಿಂದ ಹೊರಟ. ಜೂಲ್ಸ್ ವರ್ನ್ ಕಾದಂಬರಿಯ ನಾಯಕನ ಹಾಗೆ ಎಂಬತ್ತು ದಿನದಲ್ಲಿ ಭೂಮಿ ಸುತ್ತಬೇಕು, ವಿಮಾನ ಹತ್ತುವಂತಿಲ್ಲ. ತಮಾಷೆ ಅಂದರೆ ಬಿಬಿಸಿಯ ಮೊದಲ ಆಯ್ಕೆ ಇವನಲ್ಲ. ಅಲನ್ ವಿಕರ್ ಅನ್ನೋ ಹೆಸರಾಂತ ಪ್ರವಾಸ ನಿರೂಪಕನನ್ನ ಮೊದಲು ಕೇಳಿದರು, ಇನ್ನೂ ಒಬ್ಬಿಬ್ಬರನ್ನ ಕೇಳಿದರು, ಎಲ್ಲರೂ ಒಲ್ಲೆ ಅಂದ ಮೇಲೆ ಇವನ ಸರದಿ.

ಶಿಷ್ಯೆ: ಅಂದರೆ ಅದೃಷ್ಟ.

ಮೇಷ್ಟ್ರು: ಅದೃಷ್ಟ ಬಾಗಿಲಿಗೆ ಬಂದಾಗ ಮನುಷ್ಯ ಯಾವ ಸ್ಥಿತಿಯಲ್ಲಿದ್ದ ಅನ್ನೋದೂ ಮುಖ್ಯ. 1980ರಲ್ಲೇ ಬಿಬಿಸಿಯ ರೈಲು ಸರಣಿಯೊಂದಕ್ಕೆ ಲಂಡನ್ನಿನಿಂದ ಸ್ಕಾಟ್ಲೆಂಡಿನ ಕೈಲ್ ಆಫ್ ಲೊಕಾಲ್ಶ್‌ವರೆಗೆ ಹೋಗಿ ಒಂದು ಕಂತು ಮಾಡಿದ್ದ. ರೈಲಿನ ಹುಚ್ಚು ಚಿಕ್ಕಂದಿನಿಂದಲೂ ಇತ್ತು. ದಿನಚರಿ 1969ರಿಂದ ಬರೀತಿದ್ದ. ಸಿಗರೇಟು ಬಿಟ್ಟನಂತೆ, ಇದು ಬಿಡೋಕಾದರೆ ಇನ್ನೊಂದು ಹಿಡಿಯೋಕೂ ಆಗುತ್ತೆ ಅಂತ ದಿನಚರಿ ಹಿಡಿದ. ಹೀಗೆ ದಿನಾ ಬೆಳಿಗ್ಗೆ ಹಿಂದಿನ ದಿನವನ್ನ ಹಾಳೆಗೆ ಇಳಿಸಿ ಪಳಗಿದ ಕೈಯಿಂದಲೇ ಪ್ರತಿ ಪ್ರವಾಸಕ್ಕೂ ಒಂದು ಪುಸ್ತಕ ಬಂತು. ನೀನು ಬರೆಯೋದು ಬಿಟ್ಟ ಅಂದೆಯಲ್ಲ, ಇವನು ಬಿಟ್ಟೇ ಇಲ್ಲ. ಮುತ್ತು ಯಾವುದು ಅಂತ ಕೇಳಿದೆ. ನನಗೆ ಕೇಳಿದರೆ ಆ ದಿನಚರಿಯೇ. ಮಿಕ್ಕ ಹತ್ತೂ ಅದರ ಸುತ್ತ ಕಟ್ಟಿದ್ದು.

ಶಿಷ್ಯೆ: ನೀವು ಮೇಷ್ಟ್ರು, ಹಾಳೆಯಲ್ಲಿರೋದನ್ನೇ ನಂಬ್ತೀರಿ. ನಾನು ಪರದೆ ನೋಡ್ತೀನಿ. ಒಬ್ಬ ಇಂಗ್ಲಿಷಿನವನು ಹೋಗ್ತಾನೆ, ಕಪ್ಪು ಜನ ಕಂದು ಜನ ನಗ್ತಾರೆ, ಅವನು ಒಂದು ಚೂಟಿ ಮಾತಾಡ್ತಾನೆ, ಮುಂದಿನ ಊರು. ಅವನು ಹೋದ ಊರಿಗೆ ಪ್ರವಾಸಿಗಳು ಮುಗಿಬೀಳೋದಕ್ಕೆ 'ಪೇಲಿನ್ ಎಫೆಕ್ಟ್' ಅಂತ ಹೆಸರೇ ಇದೆ. ಅದು ಪತ್ರಿಕೋದ್ಯಮವೋ, ಟೂರಿಸ್ಟ್ ಆಫೀಸೋ?

ಮೇಷ್ಟ್ರು: ಆ ಎಂಬತ್ತು ದಿನದ ಪ್ರವಾಸದಲ್ಲಿ ಹಾಯಿ ಹಡಗಿನ ಕಂತು ನೋಡಿದ್ದೀಯಾ?

ಶಿಷ್ಯೆ: ಇಲ್ಲ.

ಮೇಷ್ಟ್ರು: ದುಬೈಯಿಂದ ಮುಂಬೈಗೆ ಬರಬೇಕು. ಹೊತ್ತಿಗೆ ಸರಿಯಾದ ಹಡಗು ಸಿಗಲಿಲ್ಲ. ಕೊನೆಗೆ ಸಿಕ್ಕಿದ್ದು 'ಅಲ್ ಶರ್ಮಾ' ಅನ್ನೋ ಮರದ ಸರಕು ದೋಣಿ. ನಾವಿಕರೆಲ್ಲ ಗುಜರಾತಿನವರು. ರಾತ್ರಿ ಮಲಗೋದು ಮೇಲ್ಕಟ್ಟಿನ ಮೂಟೆಗಳ ಮೇಲೆ, ಶೌಚ ಅಂದರೆ ದೋಣಿಯ ಅಂಚಿಗೆ ಕಟ್ಟಿದ ಒಂದು ಪೆಟ್ಟಿಗೆ. ಒಂದು ವಾರ ಆ ದೋಣಿಯಲ್ಲಿ ಏನೂ ನಡೆಯಲ್ಲ. ಟಿವಿಯ ಲೆಕ್ಕದಲ್ಲಿ ಅದು ಸತ್ತ ವಾರ. ಇವನಿಗೆ ಹೊಟ್ಟೆ ಕೆಟ್ಟು ಮಲಗಿಬಿಟ್ಟ. ಆ ನಾವಿಕರು ಇವನನ್ನ ನೋಡ್ಕೊಂಡರು. ಭಾಷೆ ಬರದ ಒಬ್ಬ ಮುದುಕನ ಕಿವಿಗೆ ಇವನು ವಾಕ್‌ಮನ್ ಹಾಕಿ ಬ್ರೂಸ್ ಸ್ಪ್ರಿಂಗ್‌ಸ್ಟೀನ್ ಹಾಡು ಕೇಳಿಸ್ತಾನೆ. ಆ ಮುದುಕ ತಲೆ ಅಲ್ಲಾಡಿಸಿಕೊಂಡು ಕೂಗಿ ನಗೋದನ್ನ ನೋಡಬೇಕು ನೀನು. ದೋಣಿ ಮುಂಬೈ ಮುಟ್ಟಿ ಬೀಳ್ಕೊಡುವಾಗ ಇವನಿಗೆ ಮಾತು ಹೊರಡಲ್ಲ. ಹಾಸ್ಯಗಾರನ ವೇಷ ಅಲ್ಲಿ ಕಳಚಿಬಿತ್ತು. ಆ ಕಂತಿನವರೆಗೂ ಇವನು ಪೈಥಾನಿನ ಪೇಲಿನ್ ಆಗಿ ಏನಾದರೊಂದು ಚೇಷ್ಟೆ ಮಾಡಬೇಕು ಅಂತ ಒದ್ದಾಡ್ತಿರ್ತಾನೆ. ಅಲ್ಲಿಂದಾಚೆ ಸುಮ್ಮನೆ ಇರೋದು ಕಲಿತ.

ಶಿಷ್ಯೆ: ಆ ನಾವಿಕರಿಗೆ ಏನು ಸಿಕ್ತು?

ಮೇಷ್ಟ್ರು: ಇಪ್ಪತ್ತು ವರ್ಷ ಆದ ಮೇಲೆ, 2008ರಲ್ಲಿ, ಗುಜರಾತಿಗೆ ಹೋಗಿ ಅವರನ್ನ ಹುಡುಕಿದ. ಕೆಲವರು ಸಿಕ್ಕರು. ಅದೂ ಒಂದು ಕಾರ್ಯಕ್ರಮ ಆಯ್ತು ಅಂತ ನೀನು ಹೇಳ್ತೀಯ.

ಶಿಷ್ಯೆ: ನೀವೇ ಹೇಳಿಬಿಟ್ಟಿರಲ್ಲ! ಮುಂಬೈಯಿಂದ ಎಲ್ಲಿಗೆ ಹೋದ?

ಮೇಷ್ಟ್ರು: ರೈಲಿನಲ್ಲಿ ಮದ್ರಾಸಿಗೆ.

ಶಿಷ್ಯೆ: ಹಾಗಾದರೆ ಕಲಬುರಗಿ, ರಾಯಚೂರು ದಾಟಿಕೊಂಡೇ ಹೋಗಿರಬೇಕು, ಹಳಿ ಇರೋದೇ ಅಲ್ಲಿ. ಕಿಟಕಿಯಿಂದ ಕಂಡಿರ್ತೀವಿ. ನೋಡಿ, ನಾನು ಹೇಳೋದು ಇದನ್ನೇ. ಎಂಬತ್ತು ದಿನದಲ್ಲಿ ಜಗತ್ತು ಮುಗಿಸಬೇಕು ಅಂತ ಹೊರಟವನಿಗೆ ಒಂದು ದೇಶ ಅಂದರೆ ಎರಡು ಸ್ಟೇಷನ್ ನಡುವಿನ ಕಿಟಕಿ.

ಮೇಷ್ಟ್ರು: 79 ದಿನ, ಏಳು ಗಂಟೆಯಲ್ಲಿ ಮುಗಿಸಿದ. ವಾಪಸು ಬಂದಾಗ ರಿಫಾರ್ಮ್ ಕ್ಲಬ್ಬಿನವರು ಕ್ಯಾಮೆರಾದವರನ್ನ ಒಳಗೇ ಬಿಡಲಿಲ್ಲ. ಜಗತ್ತೆಲ್ಲ ಮನೆಯೊಳಗೆ ಕರೆದು ಚಹಾ ಕೊಟ್ಟಿತ್ತು, ಸ್ವಂತ ಊರಿನ ಕ್ಲಬ್ಬು ಬಾಗಿಲು ಹಾಕಿತು. ಪೈಥಾನ್‌ಗಾಗಿ ಅವನೇ ಬರೆದಿದ್ದರೂ ಇಷ್ಟು ಚೆನ್ನಾಗಿ ಬರೀತಿರಲಿಲ್ಲ.

ಶಿಷ್ಯೆ: ಒಬ್ಬನೇ ಹೋದ ಹಾಗೆ ಹೇಳ್ತೀರಲ್ಲ. ಕ್ಯಾಮೆರಾ ಹಿಡಿದವರು ಯಾರು?

ಮೇಷ್ಟ್ರು: ಅದನ್ನ ಅವನು ಮುಚ್ಚಿಟ್ಟಿಲ್ಲ. ವರ್ನ್ ಕಾದಂಬರಿಯ ಸೇವಕನ ಹೆಸರು ಹಿಡಿದು ತಂಡವನ್ನೆಲ್ಲ 'ಪಾಸ್‌ಪಾರ್ತು' ಅಂತ ಕರೆದ. ನೈಜೆಲ್ ಮೀಕಿನ್ ಅನ್ನೋ ಕ್ಯಾಮೆರಾಮನ್ ಆಮೇಲಿನ ಎಷ್ಟೋ ಪ್ರವಾಸಗಳಲ್ಲಿ ಇವನ ಜೊತೆಗಿದ್ದ. 1991ರಲ್ಲಿ ಉತ್ತರ ಧ್ರುವದಿಂದ ದಕ್ಷಿಣ ಧ್ರುವದ ಕಡೆಗೆ 30 ಡಿಗ್ರಿ ರೇಖಾಂಶ ಹಿಡಿದು ಹೊರಟರು. ಸೋವಿಯತ್ ಒಕ್ಕೂಟ ಕುಸಿಯೋ ವರ್ಷದಲ್ಲಿ ಅದನ್ನ ಹಾದು ಹೋದರು. ಆಮೇಲೆ ಶಾಂತಸಾಗರದ ಸುತ್ತ, ಸಹಾರಾ, ಹಿಮಾಲಯ. ಇವೆಲ್ಲ ಅರುವತ್ತು ದಾಟೋ ತನಕ.

ಶಿಷ್ಯೆ: ಸುತ್ತಿದ್ದು ಸಾಕು. ನನಗೆ ಇವನಲ್ಲಿ ಕಿರಿಕಿರಿ ಏನು ಗೊತ್ತಾ? ಎಲ್ಲರೂ 'ಒಳ್ಳೆ ಮನುಷ್ಯ' ಅಂತಾರೆ. ಇಂಗ್ಲೆಂಡಿನಲ್ಲೆಲ್ಲ ಇವನ ಬಗ್ಗೆ ಹೇಳೋ ಮೊದಲ ಮಾತೇ ಅದು. ಒಳ್ಳೆಯತನವೂ ಒಂದು ಕಸುಬಾಗಿಬಿಟ್ಟರೆ ಕಷ್ಟ. ಯಾರ ಮನಸ್ಸನ್ನೂ ನೋಯಿಸದವನು ಯಾವ ಸತ್ಯ ಹೇಳ್ತಾನೆ?

ಮೇಷ್ಟ್ರು: 1979ರ ಆ ಚರ್ಚೆ ನೋಡು. 'ಲೈಫ್ ಆಫ್ ಬ್ರಯನ್' ಸಿನಿಮಾ ಬಂದ ವರ್ಷ. ಕ್ರಿಸ್ತನ ಕಾಲದಲ್ಲೇ ಹುಟ್ಟಿದ ಒಬ್ಬ ಪಾಪದ ಹುಡುಗನನ್ನ ಜನ ದೇವರು ಮಾಡಿಬಿಡೋ ಕಥೆ. ದುಡ್ಡು ಹಾಕಬೇಕಿದ್ದ ಕಂಪನಿ ಹೆದರಿ ಹಿಂದೆ ಸರೀತು. ಬೀಟಲ್ಸ್‌ನ ಜಾರ್ಜ್ ಹ್ಯಾರಿಸನ್ ಕೈಹಿಡಿದ. ಬಿಡುಗಡೆ ಆದ ಮೇಲೆ ಬಿಬಿಸಿಯಲ್ಲಿ ಚರ್ಚೆ. ಒಂದು ಕಡೆ ಕ್ಲೀಸ್, ಪೇಲಿನ್. ಇನ್ನೊಂದು ಕಡೆ ಲೇಖಕ ಮಾಲ್ಕಮ್ ಮಗ್ಗರಿಜ್, ಸದರ್ಕ್‌ನ ಬಿಷಪ್. ಬಿಷಪ್ಪರು ಮೂವತ್ತು ಬೆಳ್ಳಿ ನಾಣ್ಯದ ಮಾತೆತ್ತಿ ಚುಚ್ಚಿದರು, ಯೂದನ ಹಾಗೆ ಮಾರಿಕೊಂಡಿರಿ ಅನ್ನೋ ಅರ್ಥದಲ್ಲಿ. ಅವತ್ತು ಆ 'ಒಳ್ಳೆ ಮನುಷ್ಯ'ನ ಮುಖ ಕೆಂಪಾಗಿದೆ. ಓದಿಕೊಂಡು, ಶಾಸ್ತ್ರ ತಿಳಿದುಕೊಂಡು ವಾದಕ್ಕೆ ಬಂದಿದ್ದ. ಎದುರಿನವರು ಗೇಲಿ ಮಾಡೋದಕ್ಕೆ ಬಂದಿದ್ದರು.

ಶಿಷ್ಯೆ: ಅದು 1979. ನಾನು 2018ರ ಉತ್ತರ ಕೊರಿಯಾ ಸರಣಿ ಹೇಳ್ತೀನಿ. ಚಾನೆಲ್ 5ಕ್ಕೆ ಮಾಡಿದ್ದು. ಎಲ್ಲಿ ಹೋಗಬೇಕು, ಏನು ನೋಡಬೇಕು, ಎಲ್ಲಾ ಸರ್ಕಾರ ಗೊತ್ತು ಮಾಡಿದ್ದು. ಪಾದ್ರಿಗಳ ಎದುರು ಕೆರಳಿದವನು ಅಲ್ಲಿ ನಗುನಗ್ತಾ ಓಡಾಡಿದ. ಎಪ್ಪತ್ತೈದನೆಯ ಹುಟ್ಟುಹಬ್ಬವನ್ನೂ ಅಲ್ಲೇ ಮಾಡ್ಕೊಂಡ. ಬಂದೀಖಾನೆಗಳ ವಿಷಯ?

ಮೇಷ್ಟ್ರು: ಅಲ್ಲಿ ಬೇರೆ ಯಾವ ರೀತಿ ಒಳಗೆ ಹೋಗ್ತಿದ್ದ? ಒಂದು ದೃಶ್ಯ ಇದೆ. ಗುಡ್ಡದ ಮೇಲೆ ಅಲ್ಲಿಯ ಮಾರ್ಗದರ್ಶಿ ಹೆಣ್ಣುಮಗಳ ಜೊತೆ ಕೂತಿದ್ದಾನೆ. ನಮ್ಮಲ್ಲಿ ನಾಯಕರನ್ನ ಬೈತೀವಿ, ನಿಮಗೆ ಹಾಗೆ ಮಾಡೋಕಾಗುತ್ತಾ ಅಂತ ಮೆಲ್ಲಗೆ ಕೇಳ್ತಾನೆ. ಆಕೆ ನಮ್ಮ ನಾಯಕರು ಬೇರೆ ಥರದವರು ಅನ್ನೋ ಧಾಟಿಯಲ್ಲಿ ಉತ್ತರ ಕೊಡ್ತಾಳೆ. ಅವನು ವಾದ ಮಾಡಲ್ಲ. ಆದರೆ ನೋಡೋವನಿಗೆ ಎಲ್ಲಾ ಕಾಣುತ್ತೆ. ಅಬ್ಬರಿಸಿ ಕೇಳಿದ್ದರೆ ಆ ಉತ್ತರವೂ ಇಲ್ಲ, ಆ ಮುಖವೂ ಇಲ್ಲ.

ಶಿಷ್ಯೆ: ಅಬ್ಬರಿಸಲಿ ಅಂತ ನಾನು ಹೇಳಲಿಲ್ಲ. ಆ ಪ್ರಶ್ನೆಯ ಅಪಾಯ ಯಾರದು? ಅವನು ವಿಮಾನ ಹತ್ತಿ ಮನೆಗೆ ಹೋದ, ಆಕೆ ಅಲ್ಲೇ ಇದ್ದಾಳೆ. ಕೇಳದಿದ್ದರೆ ಹೇಡಿತನ, ಕೇಳಿದರೆ ಬೇರೆಯವರ ತಲೆಯ ಮೇಲೆ ಭಾರ. ಒಳ್ಳೆಯತನ ಇದಕ್ಕೆ ಉತ್ತರ ಅಲ್ಲ ಅಂತ ನನ್ನ ವಾದ.

ಮೇಷ್ಟ್ರು: ಇದಕ್ಕೆ ನನ್ನ ಹತ್ತಿರವೂ ಉತ್ತರ ಇಲ್ಲ ಕಣಮ್ಮ. ಯಾವ ವರದಿಗಾರನ ಹತ್ತಿರವೂ ಇಲ್ಲ ಅಂತ ಕಾಣುತ್ತೆ.

ಶಿಷ್ಯೆ: ಕಾದಂಬರಿ ಹೇಗಿದೆ? ನೀವು ಅದರ ಮಾತೇ ಎತ್ತಲಿಲ್ಲ.

ಮೇಷ್ಟ್ರು: ಸಾಧಾರಣ. ಸುಳ್ಳು ಯಾಕೆ ಹೇಳಲಿ? ಮೊದಲನೆಯದು 1995ರ 'ಹೆಮಿಂಗ್ವೇಸ್ ಚೇರ್', ಒಂದು ಊರಿನ ಅಂಚೆ ಕಚೇರಿಯ ಗುಮಾಸ್ತನ ಕಥೆ. ಎರಡನೆಯದು 2012ರ 'ದಿ ಟ್ರೂತ್'. ಅದು ನಿನಗೆ ಹಿಡಿಸಬಹುದು. ಒಂದು ಕಾಲದಲ್ಲಿ ನಿಷ್ಠುರ ಪತ್ರಕರ್ತನಾಗಿದ್ದವನು ಹೊಟ್ಟೆಪಾಡಿಗೆ ತೈಲ ಕಂಪನಿಯ ಅಧಿಕೃತ ಚರಿತ್ರೆ ಬರೆದುಕೊಡ್ತಾನೆ. ಆಮೇಲೆ ಒಬ್ಬ ಹೋರಾಟಗಾರನ ಜೀವನಚರಿತ್ರೆ ಬರೆಯೋ ಕೆಲಸ ಸಿಕ್ಕಿ, ಗಣಿ ಕಂಪನಿಯ ವಿರುದ್ಧ ಆದಿವಾಸಿಗಳು ನಿಂತಿರೋ ಭಾರತದ ಕಾಡಿಗೆ ಬರ್ತಾನೆ.

ಶಿಷ್ಯೆ: ಬಾಡಿಗೆ ಬರಹಗಾರನ ಕಥೆ. ಅದನ್ನ ಕೊಡಿ, ಓದ್ತೀನಿ. ತಾನೂ ಒಂದಿಷ್ಟು ಮಾರಿಕೊಂಡೆ ಅಂತ ಅನ್ನಿಸಿರಬೇಕು ಅವನಿಗೆ.

ಮೇಷ್ಟ್ರು: ಅಷ್ಟು ದೂರ ಹೋಗಬೇಡ. ಕಾದಂಬರಿಯಿಂದ ಕಾದಂಬರಿಕಾರನ ಜಾತಕ ಬರೀಬಾರದು ಅಂತ ಕ್ಲಾಸಿನಲ್ಲಿ ಎಷ್ಟು ಸಲ ಹೇಳಿದ್ದೆ! ಅದಕ್ಕಿಂತ 2023ರ ಪುಸ್ತಕ ಓದು, 'ಗ್ರೇಟ್-ಅಂಕಲ್ ಹ್ಯಾರಿ'. ಇವನ ಅಜ್ಜನ ತಮ್ಮನ ಕಥೆ. ಹ್ಯಾರಿ ಪೇಲಿನ್ ಪಾದ್ರಿಯ ಮನೆಯ ಕೊನೇ ಮಗ. ಭಾರತಕ್ಕೆ ಬಂದು ರೈಲ್ವೆಯಲ್ಲಿ ಕೆಲಸ ಮಾಡಿದ, ನಿಲ್ಲಲಿಲ್ಲ. ಚಹಾ ತೋಟಕ್ಕೆ ಸೇರಿದ, ಅಲ್ಲೂ ನಿಲ್ಲಲಿಲ್ಲ. ನ್ಯೂಜಿಲೆಂಡಿಗೆ ಹೋಗಿ ಹೊಲದಲ್ಲಿ ದುಡಿದ. ಮೊದಲ ಮಹಾಯುದ್ಧ ಬಂತು, ಅಲ್ಲಿಯ ಸೈನ್ಯ ಸೇರಿದ. ಗಲಿಪೊಲಿಯಲ್ಲಿ ಬದುಕಿ ಉಳಿದವನು 1916ರಲ್ಲಿ ಸೋಮ್ ರಣರಂಗದಲ್ಲಿ ಸತ್ತ. ಮೈ ಕೂಡ ಸಿಗಲಿಲ್ಲ.

ಶಿಷ್ಯೆ: ತಡೀರಿ ಮೇಷ್ಟ್ರೇ. ಇದೇ ನನ್ನ ಕೇಸು. ಒಂದೇ ಮನೆತನ, ಒಂದೇ ರಕ್ತ, ಒಂದೇ ಚಂಚಲತೆ. ಒಬ್ಬನದಕ್ಕೆ 'ಎಲ್ಲೂ ನೆಲೆ ನಿಲ್ಲದವನು' ಅಂತ ಹೆಸರು, ಇನ್ನೊಬ್ಬನದಕ್ಕೆ 'ಬಹುಮುಖ ಪ್ರತಿಭೆ' ಅಂತ ಬಿರುದು. ನಡುವೆ ಬಂದದ್ದೇನು? ಬಿಬಿಸಿ! ಹತ್ತು ಸಲ ಕಸುಬು ಬದಲಿಸಿದರೂ ಪ್ರತಿಸಲ ಹಿಡಿದುಕೊಳ್ಳೋ ಒಂದು ಸಂಸ್ಥೆ ಇವನಿಗಿತ್ತು, ಹ್ಯಾರಿಗೆ ಇರಲಿಲ್ಲ. ಪ್ರತಿಭೆ ಇಲ್ಲ ಅಂತ ನಾನು ಹೇಳಲ್ಲ. ಆದರೆ ಹತ್ತು ಕಸುಬು ಮಾಡೋ ಸ್ವಾತಂತ್ರ್ಯ ಪ್ರತಿಭೆಯಿಂದ ಮಾತ್ರ ಬರಲ್ಲ, ಸೋತರೂ ಇನ್ನೊಮ್ಮೆ ಕರೆಯೋವರು ಇರಬೇಕು.

ಮೇಷ್ಟ್ರು: ಒಪ್ಪಿದೆ, ಅರ್ಧ. ಅದೇ ಬಿಬಿಸಿ ಎಷ್ಟು ಜನ ಆಕ್ಸ್‌ಫರ್ಡ್ ಹುಡುಗರನ್ನ ಕರೀತು! ಅವರಲ್ಲಿ ಎಷ್ಟು ಜನ ಎಪ್ಪತ್ತೈದರಲ್ಲಿ 'ಎರೆಬಸ್' ಥರ ಪುಸ್ತಕ ಬರೆದರು? 1845ರಲ್ಲಿ ಫ್ರಾಂಕ್ಲಿನ್ ಅನ್ನೋ ಅನ್ವೇಷಕನ ತಂಡ ಹೊತ್ತು ಆರ್ಕ್‌ಟಿಕ್‌ಗೆ ಹೋದ ಹಡಗು ಅದು. ಒಬ್ಬನೂ ವಾಪಸು ಬರಲಿಲ್ಲ. ಹಡಗಿನ ಅವಶೇಷ 2014ರಲ್ಲಿ ಸಮುದ್ರದ ತಳದಲ್ಲಿ ಸಿಕ್ತು. ಆಕ್ಸ್‌ಫರ್ಡಿನ ಚರಿತ್ರೆ ವಿದ್ಯಾರ್ಥಿ, ಪ್ರಹಸನ ಬರೆದ ಕೈ, ಧ್ರುವ ನೋಡಿದ ಕಣ್ಣು, ಮೂರೂ ಸೇರದೆ ಆ ಪುಸ್ತಕ ಆಗ್ತಿರಲಿಲ್ಲ. ಒಂದೇ ಕಸುಬಿಗೆ ಅಂಟಿಕೊಂಡಿದ್ದರೆ ಅದು ಹುಟ್ಟೋದೇ ಇಲ್ಲ.

ಶಿಷ್ಯೆ: ಜೋನ್ಸ್ ಕೂಡ ಚರಿತ್ರೆ ಬರೆದನಲ್ಲ. ಚಾಸರ್ ಕವಿಯ ಬಗ್ಗೆ ವಿದ್ವಾಂಸರ ಜೊತೆ ಜಗಳ ಆಡೋ ಪುಸ್ತಕ. ಅದು ಆಳ. ನಿಮ್ಮವನದು ಓದಿಸಿಕೊಳ್ಳುತ್ತೆ, ಯಾರ ಜೊತೆಗೂ ಜಗಳ ಆಡಲ್ಲ.

ಮೇಷ್ಟ್ರು: ಜೋನ್ಸ್‌ಗೆ ಕೊನೆಗೆ ಮಾತೇ ಹೋಯ್ತು, ಒಂದು ಥರದ ಮರೆವಿನ ಕಾಯಿಲೆ. 2020ರ ಜನವರಿಯಲ್ಲಿ ತೀರಿಕೊಂಡ. ಕೊನೆಯವರೆಗೂ ಹೋಗಿ ಅವನ ಪಕ್ಕ ಕೂರ್ತಿದ್ದವನು ಪೇಲಿನ್. 1989ರಲ್ಲಿ ಚಾಪ್ಮನ್ ಸಾಯುವಾಗಲೂ ಇದ್ದ. ನೀನು ಒಳ್ಳೆಯತನ ಕಸುಬಾಯ್ತು ಅಂದೆ. ಕ್ಯಾಮೆರಾ ಇಲ್ಲದ ಕಡೆಯೂ ಅದು ಇತ್ತು ಅಂತ ಮಾತ್ರ ಹೇಳ್ತೀನಿ.

ಶಿಷ್ಯೆ: ಮನುಷ್ಯನ ಮೇಲೆ ನನ್ನ ತಕರಾರಿಲ್ಲ ಮೇಷ್ಟ್ರೇ. ಅವನ ಬದುಕನ್ನ ಎಲ್ಲರಿಗೂ ಮಾದರಿ ಅಂತ ತೋರಿಸಿದರೆ ತಕರಾರು. ನನ್ನ ಥರದವರಿಗೆ ಅದು ಮಾದರಿ ಆಗಲ್ಲ. ಕೋರ್ಟಿನ ಕಥೆ ಆಗಬಹುದು.

ಮೇಷ್ಟ್ರು: ದಿನಚರಿಯೂ ಆಗಬಹುದು. ಅದಕ್ಕೆ ಬಿಬಿಸಿ ಬೇಕಿಲ್ಲ, ಹದಿಮೂರು ಕಂತೂ ಬೇಕಿಲ್ಲ.

ಶಿಷ್ಯೆ: ಸಮಯ ಬೇಕು.

ಮಾತು ಇಲ್ಲಿಗೆ ನಿಂತಿತು. ಅವಳಿಗೆ ಸಂಜೆಯೊಳಗೆ ಕಳಿಸಬೇಕಾದ ಸೀನುಗಳಿದ್ದವು. ಇಬ್ಬರೂ ತಂತಮ್ಮ ಜಾಗ ಬಿಟ್ಟು ಕದಲಲಿಲ್ಲ, ಕದಲಬೇಕು ಎಂದು ನನಗೂ ಅನ್ನಿಸಲಿಲ್ಲ. ಪೇಲಿನ್ ಎಂಬತ್ತರ ಆಸುಪಾಸಿನಲ್ಲೂ ನಿಂತಿಲ್ಲ: 2022ರಲ್ಲಿ ಇರಾಕ್, 2024ರಲ್ಲಿ ನೈಜೀರಿಯಾ ಸರಣಿಗಳು ಬಂದಿವೆ. ಓದುಗರಲ್ಲಿ ಯಾರಿಗಾದರೂ ಈ ವ್ಯಾಜ್ಯದಲ್ಲಿ ತೀರ್ಪು ಕೊಡುವ ಮನಸ್ಸಿದ್ದರೆ, ಅರಬ್ಬಿ ಸಮುದ್ರದ ಆ ದೋಣಿಯ ಕಂತನ್ನೂ ಉತ್ತರ ಕೊರಿಯಾದ ಗುಡ್ಡದ ದೃಶ್ಯವನ್ನೂ ಒಂದರ ಹಿಂದೆ ಒಂದು ನೋಡಿ, ಆಮೇಲೆ ಹೇಳಿ.